ಗೇಣಿದಾರನೆಂಬವನು ಯಾರು?

ಭೂಸುಧಾರಣೆಯ ಇತಿಹಾಸವನ್ನು ಬೋಧಿಸುವಾಗ ನಾವು ಸಾಮಾನ್ಯವಾಗಿ ಶಾಸನಗಳ ಹೆಸರನ್ನೂ ವರ್ಷಗಳನ್ನೂ ಹೇಳಿ ಮುಂದೆ ಸಾಗುತ್ತೇವೆ. 1961ರ ಮೈಸೂರು ಭೂಸುಧಾರಣಾ ಶಾಸನವು 1965ರ ಅಕ್ಟೋಬರ್ 2ರಂದು ಜಾರಿಗೆ ಬಂದಿತು. ದೇವರಾಜ ಅರಸರ ಆಡಳಿತದಲ್ಲಿ ಅದಕ್ಕೆ ತಂದ ತಿದ್ದುಪಡಿಯು 1974ರ ಮಾರ್ಚ್ 1ರಂದು ಜಾರಿಯಾಗಿ, ಗೇಣಿಯಲ್ಲಿದ್ದ ಜಮೀನುಗಳೆಲ್ಲ ಸರ್ಕಾರದ ವಶವಾದವು. ಸಾಗುವಳಿ ಮಾಡುತ್ತಿದ್ದ ಗೇಣಿದಾರನು ಅಧಿಭೋಗದಾರನೆಂದು ನೋಂದಣಿ ಪಡೆಯಲು ಅರ್ಹನಾದನು. ಇಷ್ಟು ಎಲ್ಲ ಪಠ್ಯಗಳಲ್ಲಿಯೂ ದೊರೆಯುತ್ತದೆ. ಆದರೆ ಶಾಸನವು ಹಕ್ಕನ್ನು ಕೊಟ್ಟದ್ದು ಗೇಣಿದಾರನಿಗೆ. ಗೇಣಿದಾರನು ಯಾರೆಂಬುದು ಊರೂರಿನಲ್ಲಿ, ಗದ್ದೆಗದ್ದೆಯ ವಿಷಯದಲ್ಲಿ ಪ್ರತ್ಯೇಕವಾಗಿ ತೀರ್ಮಾನವಾಗಬೇಕಾಗಿದ್ದಿತು. ವ್ಯಾಜ್ಯಗಳೆಲ್ಲ ಹುಟ್ಟಿದ್ದು ಇಲ್ಲಿಯೇ.

ಶಾಸನದ 4ನೆಯ ಪ್ರಕರಣವು ನೋಡುವುದಕ್ಕೆ ಸರಳವಾಗಿದೆ. ಪರರ ಜಮೀನನ್ನು ನ್ಯಾಯಸಮ್ಮತವಾಗಿ ಸಾಗುವಳಿ ಮಾಡುತ್ತಿರುವವನನ್ನು ಗೇಣಿದಾರನೆಂದೇ ಭಾವಿಸತಕ್ಕದ್ದು. ಆದರೆ ಅವನು ಒಡೆಯನ ಕುಟುಂಬದವನಾಗಲಿ, ಕೂಲಿಗೆ ದುಡಿಯುವ ಆಳಾಗಲಿ, ಜಮೀನನ್ನು ಸ್ವಾಧೀನದಲ್ಲಿಟ್ಟುಕೊಂಡ ಅಡಮಾನದಾರನಾಗಲಿ ಆಗಿರಕೂಡದು. ಈ ಮೂರು ವಿನಾಯಿತಿಗಳು ವಿಚಾರಣೆಯಲ್ಲಿ ಒಡೆಯರ ಮೂರು ವಾದಗಳಾಗಿ ಮಾರ್ಪಟ್ಟುದು ಆಶ್ಚರ್ಯವಲ್ಲ. “ಅವನು ನಮ್ಮ ಮನೆಯ ಆಳು” ಎಂದರೆ ಸಾಕು, ತಲೆಮಾರುಗಳ ಉಳುಮೆ ಕೂಲಿಯಾಗಿ ಪರಿಣಮಿಸುವ ಸಂಭವವಿದ್ದಿತು. ಹಾಗೆಂದು ಈ ವಾದವೆಲ್ಲ ಸುಳ್ಳೆಂದು ತಿಳಿಯಲಾಗದು. ವರ್ಷವಿಡೀ ಒಡೆಯನ ಮನೆಯಲ್ಲಿ ದುಡಿದು, ಜೊತೆಗೆ ಒಂದು ತುಂಡು ಗದ್ದೆಯನ್ನು ತಾನೇ ಮಾಡಿಕೊಂಡಿದ್ದವನು ಆಳೋ ಗೇಣಿದಾರನೋ ಎಂಬ ಪ್ರಶ್ನೆಯನ್ನು ಹಳೆಯ ಗ್ರಾಮಜೀವನವು ತನಗೆ ತಾನೇ ಎಂದೂ ಕೇಳಿಕೊಂಡಿರಲಿಲ್ಲ.

ಪುರಾವೆಯ ವಿಷಯವು ಇನ್ನೂ ಕಠಿನವಾದುದು. 1956ರವರೆಗೆ ಮದರಾಸು ಆಡಳಿತಕ್ಕೆ ಸೇರಿದ್ದ ದಕ್ಷಿಣ ಕನ್ನಡವನ್ನು ಉದಾಹರಣೆಯಾಗಿ ತೆಗೆದುಕೊಳ್ಳಬಹುದು. ಅಲ್ಲಿ ಮೂಲಗೇಣಿಯವನಿಗೆ ಶಾಶ್ವತವಾದ ಹಕ್ಕೂ ನಿಗದಿಯಾದ ಗೇಣಿಯೂ ಇದ್ದವು. ಚಾಲಗೇಣಿಯವನಾದರೋ ವರ್ಷದಿಂದ ವರ್ಷಕ್ಕೆ ಒಡೆಯನ ಇಚ್ಛೆಗೊಳಪಟ್ಟು ಉಳುತ್ತಿದ್ದವನು. ಅವನ ಕರಾರು ಬಹುಮಟ್ಟಿಗೆ ಬಾಯಿಮಾತಿನದು. ಮಲೆನಾಡಿನ ಸ್ಥಿತಿಯೂ ಬಹಳ ಭಿನ್ನವಾಗಿರಲಿಲ್ಲ. ಗೇಣಿಯ ಭತ್ತವನ್ನು ಅಳೆಯುವ ಕೊಳಗವು ಒಡೆಯನದು, ಲೆಕ್ಕದ ಪುಸ್ತಕವೂ ಒಡೆಯನದೇ. 1951ರಲ್ಲಿ ಸಾಗರ ತಾಲ್ಲೂಕಿನ ಕಾಗೋಡಿನ ಗೇಣಿದಾರರು ಸತ್ಯಾಗ್ರಹ ಹೂಡಿದುದಕ್ಕೆ ಆ ಕೊಳಗದ ಅಳತೆಯೂ ಒಂದು ಕಾರಣವಾಗಿದ್ದಿತೆಂಬುದನ್ನು ಇಲ್ಲಿ ನೆನೆಯಬಹುದು. ಇಂತಹ ವ್ಯವಹಾರದಲ್ಲಿ ಗೇಣಿ ಸಂದಾಯವಾದುದಕ್ಕೆ ರಸೀದಿಯನ್ನು ಕೇಳುವುದೇ ಒಂದು ಧಾರ್ಷ್ಟ್ಯ.

ಉಳಿದ ಆಧಾರವೆಂದರೆ ಪಹಣಿ. 1964ರ ಭೂಕಂದಾಯ ಶಾಸನದ 133ನೆಯ ಪ್ರಕರಣದಂತೆ ಹಕ್ಕುದಾಖಲೆಯಲ್ಲಿರುವ ನಮೂದು, ತದ್ವಿರುದ್ಧವಾದುದು ಸಿದ್ಧವಾಗುವವರೆಗೆ, ಸತ್ಯವೆಂದೇ ಗ್ರಾಹ್ಯ. ಸಾಗುವಳಿದಾರನ ಅಂಕಣದಲ್ಲಿ ತನ್ನ ಹೆಸರಿದ್ದ ಗೇಣಿದಾರನ ಹಾದಿ ಸುಗಮ. ಅದೇ ಅಂಕಣದಲ್ಲಿ ‘ಸ್ವಂತ’ ಎಂದು ಬರೆದಿದ್ದರೆ ನೆರೆಹೊರೆಯವರ ಹೇಳಿಕೆಗಳಿಂದಲೂ ಸ್ಥಳ ತನಿಖೆಯಿಂದಲೂ ಅದನ್ನು ಅಲ್ಲಗಳೆಯಬೇಕು. ನೆರೆಯವರೂ ಅನೇಕ ವೇಳೆ ಅದೇ ಒಡೆಯನ ಒಕ್ಕಲುಗಳು.

ಈ ವಿಚಾರಣೆಗಾಗಿ ಏರ್ಪಟ್ಟ ಭೂ ನ್ಯಾಯಮಂಡಳಿಗಳಲ್ಲಿ ಉಪವಿಭಾಗಾಧಿಕಾರಿಯೇ ಅಧ್ಯಕ್ಷ. ಸರ್ಕಾರದಿಂದ ನಾಮಕರಣಗೊಂಡ ನಾಲ್ವರು ಸದಸ್ಯರು. ವಕೀಲರಿಗೆ ಪ್ರವೇಶವಿರಲಿಲ್ಲ. ಬಡವನು ಖರ್ಚಿಲ್ಲದೆ ತನ್ನ ಮಾತನ್ನು ತಾನೇ ಹೇಳಲೆಂಬುದು ಇದರ ಉದ್ದೇಶ. ಅದು ಒಳ್ಳೆಯದೆಂದೇ ನನ್ನ ಅಭಿಪ್ರಾಯ. 1987ರಲ್ಲಿ ಸರ್ವೋಚ್ಚ ನ್ಯಾಯಾಲಯವು, ವಕೀಲರ ಹಕ್ಕು ಸಂಸತ್ತಿನ ಶಾಸನದಿಂದ ಬಂದುದೆಂಬ ಕಾರಣದಿಂದ, ಈ ನಿರ್ಬಂಧವನ್ನು ತಳ್ಳಿಹಾಕಿತು. ಆದರೆ ಶೀಘ್ರ ವಿಚಾರಣೆಗೂ ಒಂದು ಬೆಲೆಯುಂಟು. ಕಾರಣಗಳನ್ನು ಬರೆಯದೆ, ನೋಟೀಸು ಸರಿಯಾಗಿ ಮುಟ್ಟದೆ ಹೊರಬಿದ್ದ ಆಜ್ಞೆಗಳನ್ನು ಉಚ್ಚ ನ್ಯಾಯಾಲಯವು ರಿಟ್ ಅರ್ಜಿಗಳ ಮೇಲೆ ರದ್ದುಪಡಿಸಿ ಮರುವಿಚಾರಣೆಗೆ ಕಳುಹಿಸುತ್ತಿದ್ದಿತು. 1986ರಲ್ಲಿ ಮೇಲ್ಮನವಿ ಪ್ರಾಧಿಕಾರಗಳು ಬಂದವು, 1990ರಲ್ಲಿ ಹೋದವು. ಹೀಗೆ ಕಡತವು ಮೇಲೂ ಕೆಳಗೂ ಅಲೆಯುತ್ತಿರುವಾಗ ಅರ್ಜಿದಾರನು ಸತ್ತು ಅವನ ಮಕ್ಕಳು ಪಕ್ಷಕಾರರಾದ ಪ್ರಸಂಗಗಳು ವಿರಳವಲ್ಲ.

7ನೆಯ ನಮೂನೆಯ ಅರ್ಜಿಗೆ—ಕರಾವಳಿಯ ಜನ ಅದನ್ನು ‘ಡಿಕ್ಲರೇಶನ್’ ಎಂದೇ ಕರೆದರು—ಕೊನೆಯ ಗಡುವು 1979ರ ಜೂನ್ 30. ದಾಕ್ಷಿಣ್ಯದಿಂದಲೋ ಭಯದಿಂದಲೋ ಅಷ್ಟರೊಳಗೆ ಅರ್ಜಿ ಹಾಕದವನು, ಗದ್ದೆಯಲ್ಲಿ ನಿಂತಿದ್ದರೂ, ಶಾಸನದ ದೃಷ್ಟಿಯಲ್ಲಿ ಇಲ್ಲದವನಾದನು.

ಅರ್ಜಿ ಹಾಕಿ ಗೆದ್ದವರ ಮನೆಯಲ್ಲಿ ಬೇರೊಂದು ವ್ಯಾಜ್ಯ ಮೊಳೆಯಿತು. ಅರ್ಜಿಯು ಅಣ್ಣನ ಹೆಸರಿನಲ್ಲಿ. ದುಡಿಮೆಯು ಒಟ್ಟು ಕುಟುಂಬದ್ದು. ದೊರೆತ ಹಕ್ಕು ಅವನೊಬ್ಬನದೋ, ಎಲ್ಲರದೋ ಎಂದು ತಮ್ಮಂದಿರೂ, ಅನಂತರ ಹೆಣ್ಣುಮಕ್ಕಳೂ ಸಿವಿಲ್ ನ್ಯಾಯಾಲಯಗಳಲ್ಲಿ ಪಾಲಿನ ದಾವೆ ಹೂಡಿದರು. ಭೂ ನ್ಯಾಯಮಂಡಳಿಯ ಮುಂದೆ ಅಣ್ಣನು ಕೊಟ್ಟ ಹೇಳಿಕೆ ಆ ದಾವೆಗಳಲ್ಲಿ ಮತ್ತೆ ಹೊರಬರುತ್ತದೆ, ಈ ಬಾರಿ ಅವನ ವಿರುದ್ಧದ ಸಾಕ್ಷ್ಯವಾಗಿ: “ನಮ್ಮ ತಂದೆಯ ಕಾಲದಿಂದ ನಾವೆಲ್ಲರೂ ಸೇರಿ ಉಳುತ್ತಿದ್ದೇವೆ” ಎಂದು ಅಂದು ಹೇಳಿದವನು ಅವನೇ.