ಎಣ್ಣೆಯ ಬಾಣಲೆಯಿಲ್ಲದೆ ಗರಿಗರಿಯಾದ ಕೋಳಿ

ನಮ್ಮ ಮನೆಯಲ್ಲಿ ಭಾನುವಾರವೆಂದರೆ ಕೋಳಿ ಕರಿಯುವ ದಿನವೆಂದು ಬಹುಕಾಲದಿಂದ ರೂಢಿಯಾಗಿತ್ತು. ಬಾಣಲೆಯಲ್ಲಿ ಎಣ್ಣೆ ಕಾಯತೊಡಗಿದೊಡನೆ ಮಕ್ಕಳು ಅಡಿಗೆಮನೆಯ ಬಾಗಿಲಿಗೆ ಬಂದು ನಿಲ್ಲುವರು. ಮಾವನವರು ಪತ್ರಿಕೆಯನ್ನು ಮಡಿಸಿಟ್ಟು ಕೈ ತೊಳೆದುಕೊಳ್ಳುವರು. ಎರಡು ವರ್ಷಗಳ ಹಿಂದೆ ಅವರಿಗೆ ಹೃದಯದ ತೊಂದರೆ ಕಾಣಿಸಿಕೊಂಡು, ಕರಿದ ಪದಾರ್ಥಗಳನ್ನು ಬಿಡಬೇಕೆಂದು ವೈದ್ಯರು ಕಟ್ಟಪ್ಪಣೆ ಮಾಡಿದರು. ಅಂದಿನಿಂದ ಒಲೆಯ ಮೇಲೆ ಬಾಣಲೆ ಏರಿತೆಂದರೆ ಮಾವನವರು ಸದ್ದಿಲ್ಲದೆ ಎದ್ದು ಜಗಲಿಗೆ ಹೋಗಿ ಕುಳಿತುಕೊಳ್ಳುತ್ತಿದ್ದರು. ತಮ್ಮ ಆಸೆಯನ್ನು ಮಕ್ಕಳು ಕಾಣಬಾರದೆಂಬುದು ಅವರ ಎಣಿಕೆಯಾಗಿದ್ದಿರಬೇಕು. ಆರು ವರ್ಷದ ನಮ್ಮ ಕಿರಿಯ ಮಗನು ಒಂದು ದಿನ, “ಅಮ್ಮಾ, ಭಾನುವಾರ ಬಂದರೆ ತಾತನಿಗೆ ನಮ್ಮ ಮೇಲೆ ಕೋಪವೇ?” ಎಂದು ಕೇಳಿದನು.

ಆ ಪ್ರಶ್ನೆಗೆ ನನ್ನಲ್ಲಿ ಉತ್ತರವಿರಲಿಲ್ಲ. ಮಕ್ಕಳ ಸಂತೋಷವನ್ನು ಕಸಿಯುವುದೂ ಸರಿಯಲ್ಲ, ಹಿರಿಯರನ್ನು ಪಂಕ್ತಿಯಿಂದ ದೂರವಿಡುವುದೂ ಸರಿಯಲ್ಲ. ಹೀಗಿರುವಾಗ, ಓವನ್ ಎಂದು ಈಗ ಎಲ್ಲರೂ ಕರೆಯುವ ವಿದ್ಯುತ್ ಒಲೆಯಲ್ಲಿ ಅತ್ಯಲ್ಪ ಎಣ್ಣೆಯಿಂದ ಕೋಳಿಯನ್ನು ಗರಿಗರಿಯಾಗಿ ಬೇಯಿಸಬಹುದೆಂದು ತಿಳಿದು, ಅದನ್ನು ಅಭ್ಯಾಸಮಾಡತೊಡಗಿದೆನು. ಎರಡು ಸಲ ಕೆಟ್ಟು ಮೂರನೆಯ ಸಲ ಅದು ಕೈಗೂಡಿತು. ಮಾಡುವ ಕ್ರಮವನ್ನೂ, ಅದಕ್ಕಿಂತ ಹೆಚ್ಚಾಗಿ ಅದು ಮೊದಲು ಏಕೆ ಕೆಟ್ಟಿತೆಂಬುದನ್ನೂ ವಾಚಕರ ಮುಂದಿಡುವುದೇ ಈ ಲೇಖನದ ಉದ್ದೇಶ.

ಹಿಟ್ಟು ಹಚ್ಚಿ ಕರಿದ ಕೋಳಿಯು ಅಮೆರಿಕ ಸಂಯುಕ್ತ ಸಂಸ್ಥಾನಗಳ ದಕ್ಷಿಣ ಭಾಗದಲ್ಲಿ ಹೆಸರಾದ ಅಡಿಗೆ. 1824ರಲ್ಲಿ ಮೇರಿ ರಾಂಡಲ್ಫ್ ಎಂಬಾಕೆ ಪ್ರಕಟಿಸಿದ ‘ದಿ ವರ್ಜೀನಿಯಾ ಹೌಸ್‌ವೈಫ್’ ಎಂಬ ಪಾಕಪುಸ್ತಕದಲ್ಲಿ, ಕೋಳಿಯ ತುಂಡುಗಳಿಗೆ ಹಿಟ್ಟು ಸವರಿ ಹಂದಿಯ ಕೊಬ್ಬಿನಲ್ಲಿ ಕರಿಯುವ ವಿಧಾನವಿದೆ. ಪುಸ್ತಕಗಳನ್ನು ಬರೆದವರು ಯಾರೇ ಆಗಿರಲಿ, ಆ ಪ್ರಾಂತದ ಸಿರಿವಂತರ ಮನೆಗಳಲ್ಲಿ ಒಲೆಯ ಮುಂದೆ ನಿಂತು ಬೆಂದವರು ಹೆಚ್ಚಾಗಿ ಗುಲಾಮಗಿರಿಯಲ್ಲಿದ್ದ ಕಪ್ಪು ಜನರು. ಅಂತರ್ಯುದ್ಧವು 1865ರಲ್ಲಿ ಮುಗಿದು ಬಿಡುಗಡೆ ದೊರೆತ ಬಳಿಕ, ವರ್ಜೀನಿಯಾದ ಗಾರ್ಡನ್ಸ್‌ವಿಲ್ ಎಂಬ ಊರಿನಲ್ಲಿ ಅದೇ ಜನಾಂಗದ ಹೆಂಗಸರು ಕರಿದ ಕೋಳಿಯ ತಟ್ಟೆಗಳನ್ನು ತಲೆಯ ಮೇಲೆ ಹೊತ್ತು, ರೈಲುಗಾಡಿಯ ಕಿಟಕಿಗಳ ಬಳಿ ನಿಂತು, ಪ್ರಯಾಣಿಕರಿಗೆ ಮಾರಿ ಸಂಸಾರ ನಡೆಸಿದರು. ಮದ್ದೂರಿನಲ್ಲಿ ರೈಲಿನ ಕಿಟಕಿಯಿಂದಲೇ ವಡೆ ಕೊಂಡು ತಿಂದ ನಮ್ಮವರಿಗೆ ಆ ದೃಶ್ಯವು ಅಪರಿಚಿತವೆನಿಸಲಾರದು. ಓವನ್ನಿನಲ್ಲಿ ಮಾಡುವ ಬಗೆಯು ಅದಕ್ಕಿಂತ ಈಚಿನದು. 1965ರಲ್ಲಿ ಜನರಲ್ ಫುಡ್ಸ್ ಎಂಬ ಅಮೆರಿಕದ ಕಂಪನಿಯು, ಕೋಳಿಯ ತುಂಡುಗಳೊಡನೆ ಚೀಲದಲ್ಲಿ ಕುಲುಕಿ ಓವನ್ನಿನಲ್ಲಿ ಬೇಯಿಸುವ ಒಂದು ಪುಡಿಯನ್ನು ಮಾರಾಟಕ್ಕೆ ತಂದಿತು. ಅಲ್ಲಿನ ಅನೇಕ ಮನೆಗಳಿಗೆ ಈ ಪದ್ಧತಿಯ ಪರಿಚಯವಾದದ್ದು ಹಾಗೆ. ನಮಗೆ ಆ ಪುಡಿಯ ಅಗತ್ಯವಿಲ್ಲ. ಅದರ ಹಿಂದಿರುವ ತತ್ತ್ವವನ್ನು ತಿಳಿದರೆ ಸಾಕು.

ಗರಿಗರಿಯೆಂಬುದು ಎಣ್ಣೆಯ ಗುಣವೆಂದು ನಾವು ಭಾವಿಸಿದ್ದೇವೆ. ನಿಜವಾಗಿ ಅದು ಒಣಗಿದ ಹೊರಮೈಯ ಗುಣ. ಹಪ್ಪಳವನ್ನು ಕೆಂಡದ ಮೇಲೆ ಸುಟ್ಟರೂ ಗರಿಗರಿಯಾಗುವುದಷ್ಟೆ! 170ರಿಂದ 180 ಡಿಗ್ರಿ ಸೆಂಟಿಗ್ರೇಡ್ ಕಾದ ಎಣ್ಣೆಗೆ ತುಂಡನ್ನು ಬಿಟ್ಟಾಗ ಏಳುವ ಗುಳ್ಳೆಗಳು ಎಣ್ಣೆಯವಲ್ಲ. ತುಂಡಿನ ಮೈಯಲ್ಲಿರುವ ನೀರು ಆವಿಯಾಗಿ ಹೊರಡುವ ಗುಳ್ಳೆಗಳು. ತೇವವಿರುವ ತನಕ ಆ ಮೈಯು 100 ಡಿಗ್ರಿಯನ್ನು ದಾಟಲಾರದು. ತೇವ ಹೋದ ಮೇಲೆಯೇ ಶಾಖವು ಏರಿ, 140 ಡಿಗ್ರಿಯ ಸುಮಾರಿಗೆ ಸಸಾರಜನಕದ ಅಂಶಗಳು ಸಕ್ಕರೆಯ ಅಂಶಗಳೊಡನೆ ಸೇರಿ ಹೊಂಬಣ್ಣವೂ ಪರಿಮಳವೂ ಬೇಗಬೇಗನೆ ಹುಟ್ಟುತ್ತವೆ. 1912ರಲ್ಲಿ ಲೂಯಿ ಕಮೀಲ್ ಮೈಯಾರ್ ಎಂಬ ಫ್ರೆಂಚ್ ವಿಜ್ಞಾನಿಯು ಇದನ್ನು ವಿವರಿಸಿದುದರಿಂದ ಈ ಕ್ರಿಯೆಗೆ ಆತನ ಹೆಸರೇ ನಿಂತಿದೆ.

ಹಾಗಾದರೆ ಎಣ್ಣೆಯ ಕೆಲಸವೇನು? ಮುಖ್ಯವಾಗಿ, ಶಾಖವನ್ನು ಹೊತ್ತು ತಂದು ಮುಟ್ಟಿಸುವುದು. 200 ಡಿಗ್ರಿ ಕಾದ ಓವನ್ನಿನ ಬಾಗಿಲು ತೆರೆದು ತಟ್ಟೆಯನ್ನು ಇಡುವಾಗ ಕೈಗೆ ಬಿಸಿಗಾಳಿ ತಗಲಿದರೂ ಒಡನೆ ಸುಡುವುದಿಲ್ಲ. ಅದಕ್ಕಿಂತ ಕಡಮೆ ಕಾದ ಎಣ್ಣೆಯ ಒಂದು ಹನಿ ಸಿಡಿದರೆ ಬೊಬ್ಬೆ ಏಳುತ್ತದೆ. ಶಾಖವನ್ನು ಮುಟ್ಟಿಸುವುದರಲ್ಲಿ ಗಾಳಿಯು ಅಷ್ಟು ಮಂದ. ಆದುದರಿಂದ ಬಾಣಲೆಯು ಕೆಲವೇ ನಿಮಿಷಗಳಲ್ಲಿ ಓಡಿಸುವ ತೇವವನ್ನು ಓವನ್ನಿನಲ್ಲಿ ನಾವು ಮೂರು ಉಪಾಯಗಳಿಂದ ನೀಗಬೇಕು. ತುಂಡುಗಳ ಮೈಯ ನೀರನ್ನು ಮೊದಲೇ ತೆಗೆಯುವುದು ಒಂದು; ಒಣಗಿ ಹುರಿದ ಪುಡಿಯನ್ನೇ ಹೊದಿಸುವುದು ಎರಡು; ಬೇಯುವಾಗ ಹೊರಡುವ ಆವಿಗೆ ಎಲ್ಲ ಕಡೆಗಳಿಂದಲೂ ದಾರಿ ಬಿಡುವುದು ಮೂರು.

ಮೊದಲ ಸಲ ನನಗೆ ಇದೊಂದೂ ತಿಳಿದಿರಲಿಲ್ಲ. ಮೊಸರು ತೊಟ್ಟಿಕ್ಕುತ್ತಿದ್ದ ತುಂಡುಗಳನ್ನು ಹಸಿ ಮೈದಾದಲ್ಲಿ ಹೊರಳಿಸಿ, ಚಪ್ಪಟೆಯ ತಟ್ಟೆಯಲ್ಲಿ ಒತ್ತಾಗಿ ಜೋಡಿಸಿ ಒಳಗಿಟ್ಟೆನು. ಮುಕ್ಕಾಲು ಗಂಟೆಯ ಬಳಿಕ ಹೊರಬಂದದ್ದು ಮೇಲೆ ಬಿಳುಪು, ಕೆಳಗೆ ಅಂಟು. ಎರಡನೆಯ ಸಲ, ಶಾಖ ಸಾಲದೆ ಹಾಗಾಯಿತೆಂದು ಬಗೆದು 240 ಡಿಗ್ರಿಗೆ ಏರಿಸಿದೆನು. ಇಪ್ಪತ್ತು ನಿಮಿಷಗಳಲ್ಲಿ ಹೊರಮೈ ಕಂದುಬಣ್ಣಕ್ಕೆ ತಿರುಗಿತು. ಗೆದ್ದೆನೆಂದು ಹಿಗ್ಗಿ ಬಡಿಸಿಯೂ ಬಿಟ್ಟೆನು. ಮಗನಿಗೆಂದು ನಮ್ಮ ಯಜಮಾನರು ತೊಡೆಯ ತುಂಡನ್ನು ಬಿಡಿಸಿದಾಗ ಎಲುಬಿನ ಪಕ್ಕದ ಮಾಂಸವು ಹಸಿಯಾಗಿಯೇ ಇದ್ದಿತು. ಎಲ್ಲರ ತಟ್ಟೆಗಳನ್ನೂ ಹಿಂದಕ್ಕೆ ತೆಗೆದೆನು. ಬಣ್ಣ ಬಂದ ಮಾತ್ರಕ್ಕೆ ಬೆಂದಿತೆಂದು ನಂಬಬಾರದೆಂಬ ಪಾಠ ಆ ದಿನದ್ದು. ಮಕ್ಕಳು, ವೃದ್ಧರು, ಗರ್ಭಿಣಿಯರು ಇರುವ ಮನೆಯಲ್ಲಿ ಹಸಿ ಉಳಿದ ಕೋಳಿಯು ಎಣ್ಣೆಗಿಂತ ದೊಡ್ಡ ಅಪಾಯ.

ಬೇಕಾದ ಸಾಮಗ್ರಿಗಳು

ಚರ್ಮ ತೆಗೆದ ಕಾಲು ಮತ್ತು ತೊಡೆಯ ತುಂಡುಗಳು 1 ಕಿಲೋ, ಗಟ್ಟಿ ಮೊಸರು 1 ಬಟ್ಟಲು, ಉಪ್ಪು ಒಂದೂವರೆ ಸಣ್ಣ ಚಮಚ, ಅಚ್ಚಖಾರದ ಪುಡಿ 2 ಸಣ್ಣ ಚಮಚ, ಕರಿಮೆಣಸಿನ ಪುಡಿ 1 ಸಣ್ಣ ಚಮಚ, ಜಜ್ಜಿದ ಬೆಳ್ಳುಳ್ಳಿ 8 ಎಸಳು, ಅರಿಸಿನ ಒಂದು ಚಿಟಿಕೆ, ಮೈದಾ ಅರ್ಧ ಬಟ್ಟಲು, ಮೊಟ್ಟೆ 2, ಸಕ್ಕರೆ ಸವರದ ಕಾರ್ನ್‌ಫ್ಲೇಕ್ಸ್ 4 ಬಟ್ಟಲು, ಅಡಿಗೆಯ ಎಣ್ಣೆ 3 ದೊಡ್ಡ ಚಮಚ. ಕಾರ್ನ್‌ಫ್ಲೇಕ್ಸ್ ಇಲ್ಲದವರು ಹಳಸದ, ಆದರೆ ಒಣಗಿದ ಬ್ರೆಡ್ಡನ್ನು ಪುಡಿಮಾಡಿ, ಬರಿಯ ಕಾವಲಿಯ ಮೇಲೆ ನಸುಗೆಂಪಾಗುವ ತನಕ ಹುರಿದು ಉಪಯೋಗಿಸಬಹುದು.

ಮಾಡುವ ಕ್ರಮ

ಕೋಳಿಯನ್ನು ನಲ್ಲಿಯ ಕೆಳಗೆ ಹಿಡಿದು ತೊಳೆಯುವುದು ನಮ್ಮ ಮನೆಗಳ ವಾಡಿಕೆ. ಆದರೆ ಹಸಿ ಮಾಂಸದಲ್ಲಿರಬಹುದಾದ ಸಾಲ್ಮೊನೆಲ್ಲಾ, ಕ್ಯಾಂಪಿಲೋಬ್ಯಾಕ್ಟರ್ ಮೊದಲಾದ ರೋಗಾಣುಗಳು ನೀರಿನಿಂದ ಸಾಯುವುದಿಲ್ಲ. ಸಿಡಿದ ಹನಿಗಳೊಡನೆ ಪಕ್ಕದ ಪಾತ್ರೆಗೂ ಸೊಪ್ಪಿಗೂ ಹರಡುತ್ತವೆ. ಅವುಗಳನ್ನು ಕೊಲ್ಲುವುದು ಬೆಂಕಿಯೇ. ತೊಳೆಯದಿದ್ದರೆ ಮನಸ್ಸು ಒಪ್ಪದೆಂಬುವರು ಬೋಗುಣಿಯ ನೀರಿನಲ್ಲಿ ಸಿಡಿಯದಂತೆ ಅದ್ದಿ ತೆಗೆದು, ಬಳಿಕ ಬೋಗುಣಿ, ಕೈ, ಕಟ್ಟೆ ಎಲ್ಲವನ್ನೂ ಸೋಪಿನಿಂದ ತೊಳೆಯತಕ್ಕದ್ದು. ಆಮೇಲೆ ತುಂಡುಗಳ ನೀರನ್ನು ಕಾಗದದಿಂದ ಒತ್ತಿ ಚೆನ್ನಾಗಿ ಒರೆಸಬೇಕು.

ಮೊಸರಿಗೆ ಉಪ್ಪು, ಖಾರ, ಮೆಣಸು, ಬೆಳ್ಳುಳ್ಳಿ, ಅರಿಸಿನಗಳನ್ನು ಬೆರೆಸಿ ತುಂಡುಗಳಿಗೆ ಸವರಿ, ಮುಚ್ಚಿ, ಶೀತಪೆಟ್ಟಿಗೆಯಲ್ಲಿ 4 ಗಂಟೆಗಳಾದರೂ ಇಡಬೇಕು. ಹಿಂದಿನ ರಾತ್ರಿಯೇ ಇಟ್ಟರೆ ಇನ್ನೂ ಮೇಲು. ಮೊಸರಿನ ಹುಳಿಯು ಮಾಂಸವನ್ನು ಮೆದುಮಾಡುತ್ತದೆ. ಉಪ್ಪು ಒಳಗಿಳಿದು ಅದರ ರಸವನ್ನು ಹಿಡಿದಿಡುತ್ತದೆ. ಕಾರ್ನ್‌ಫ್ಲೇಕ್ಸನ್ನು ಲಟ್ಟಣಿಗೆಯಿಂದ ಅರೆದು ದಪ್ಪ ರವೆಯಷ್ಟು ತರಿಯಾಗಿಸಿ, ಅದಕ್ಕೆ ಎಣ್ಣೆಯನ್ನು ಸುರಿದು, ಪ್ರತಿಯೊಂದು ಕಣಕ್ಕೂ ತಗಲುವಂತೆ ಬೆರಳುಗಳಿಂದ ಉಜ್ಜಬೇಕು. ಎಣ್ಣೆಯನ್ನು ಮೇಲಿಂದ ಚಿಮುಕಿಸುವುದಕ್ಕಿಂತ ಹೀಗೆ ಪುಡಿಗೇ ಉಜ್ಜಿದರೆ ಸ್ವಲ್ಪ ಎಣ್ಣೆಯೇ ಎಲ್ಲ ಕಡೆಗೂ ಸಾಲುತ್ತದೆ.

ತುಂಡುಗಳಿಗೆ ಅಂಟಿದ ಮೊಸರನ್ನು ಜಾಡಿಸಿ, ಮೊದಲು ಮೈದಾದಲ್ಲಿ, ಅನಂತರ ಕಲಸಿದ ಮೊಟ್ಟೆಯಲ್ಲಿ, ಕೊನೆಗೆ ಪುಡಿಯಲ್ಲಿ ಹೊರಳಿಸಿ, ಅಂಗೈಯಿಂದ ಒತ್ತಬೇಕು. ಪುಡಿಯು ಬಿಗಿಯಾಗಿ ಕೂರಲು ಕಾಲು ಗಂಟೆ ಬಿಡಬೇಕು. ಉಳಿದ ಮೊಸರನ್ನೂ ಮೊಟ್ಟೆಯನ್ನೂ ಬೇರೆ ಅಡಿಗೆಗೆ ಎತ್ತಿಡದೆ ಚೆಲ್ಲತಕ್ಕದ್ದು.

ಅಷ್ಟರಲ್ಲಿ ಓವನ್ನಿನ ಮೇಲಿನ ಮತ್ತು ಕೆಳಗಿನ ಸರಿಗೆಗಳೆರಡನ್ನೂ ಹೊತ್ತಿಸಿ, 200 ಡಿಗ್ರಿಗೆ ಕಾಯಿಸಿರಬೇಕು. ತಟ್ಟೆಯ ಮೇಲೆ ಕಾಲುಗಳಿರುವ ತಂತಿಯ ಜಾಲರಿಯನ್ನಿಟ್ಟು, ಅದರ ಮೇಲೆ ತುಂಡುಗಳನ್ನು ಎರಡೆರಡು ಬೆರಳಿನ ಅಂತರದಲ್ಲಿ ಜೋಡಿಸಬೇಕು. ಜಾಲರಿಯ ಕೆಳಗಿನಿಂದ ಗಾಳಿಯಾಡಿ ಆವಿ ಹೊರಟುಹೋಗುವುದರಿಂದ ಅಡಿಭಾಗವು ಅಂಟಾಗುವುದಿಲ್ಲ. 25 ನಿಮಿಷಗಳ ಬಳಿಕ ಒಮ್ಮೆ ಮಗುಚಿ, ಒಟ್ಟು 40ರಿಂದ 45 ನಿಮಿಷಗಳವರೆಗೆ ಬೇಯಿಸಬೇಕು. ಪುಡಿಯು ಬೇಗ ಕಪ್ಪಾಗುವಂತೆ ಕಂಡರೆ ಮೇಲಿನ ಸರಿಗೆಯನ್ನು ಆರಿಸಬಹುದು.

ಬೆಂದಿತೆಂಬುದಕ್ಕೆ ನಂಬತಕ್ಕ ಸಾಕ್ಷಿಯೆಂದರೆ ಅಡಿಗೆಯ ಉಷ್ಣಮಾಪಕ. ತುಂಡಿನ ದಪ್ಪ ಭಾಗದಲ್ಲಿ, ಎಲುಬನ್ನು ಮುಟ್ಟದಂತೆ ಚುಚ್ಚಿದಾಗ ಅದು 74 ಡಿಗ್ರಿಯನ್ನಾದರೂ ತೋರಿಸಬೇಕು. ಕಾಲು ತೊಡೆಗಳು 80 ಡಿಗ್ರಿ ಮುಟ್ಟಿದರೆ ಇನ್ನೂ ಮೆದುವಾಗುತ್ತವೆ. ಮಾಪಕವಿಲ್ಲದವರು ಅತಿ ದೊಡ್ಡ ತುಂಡನ್ನು ಎಲುಬಿನವರೆಗೆ ಬಿಡಿಸಿ ನೋಡಿ, ಸಂಶಯವಿದ್ದರೆ ಎಲ್ಲವನ್ನೂ ಇನ್ನು ಹತ್ತು ನಿಮಿಷ ಒಳಗಿಡುವುದು ಲೇಸು.

ಹೊರತೆಗೆದ ಮೇಲೆ 5 ನಿಮಿಷಗಳ ಕಾಲ ಜಾಲರಿಯ ಮೇಲೆಯೇ ಬಿಡಬೇಕು. ಬಿಸಿಯಾಗಿರಲೆಂದು ಪಾತ್ರೆಯಲ್ಲಿ ರಾಶಿಹಾಕಿ ಮುಚ್ಚಿದರೆ ತನ್ನ ಆವಿಯಿಂದ ತಾನೇ ಮೆತ್ತಗಾಗಿ, ಮಾಡಿದ ಶ್ರಮವೆಲ್ಲ ವ್ಯರ್ಥವಾಗುವುದು. ಬರಿಯ ಮೈಕ್ರೋವೇವ್ ಒಲೆಯಲ್ಲಿ ಈ ಅಡಿಗೆ ಸಾಧ್ಯವಿಲ್ಲ. ಅದು ಮಾಂಸದೊಳಗಿನ ನೀರನ್ನೇ ಕಾಯಿಸುವುದರಿಂದ ಹೊರಮೈ ತೇವವಾಗಿಯೇ ಉಳಿಯುತ್ತದೆ. ಏರ್ ಫ್ರೈಯರ್ ಎಂಬುದು ಬೀಸಣಿಗೆಯುಳ್ಳ ಚಿಕ್ಕ ಓವನ್ನೇ ಆದುದರಿಂದ ಅದರಲ್ಲಿ ಇನ್ನೂ ಬೇಗ ಆಗುತ್ತದೆ. ಆದರೆ ಒಂದು ಸಲಕ್ಕೆ ಕೆಲವೇ ತುಂಡುಗಳನ್ನು ಇಡಬೇಕು. ಮಾಂಸಾಹಾರವಿಲ್ಲದ ಮನೆಗಳಲ್ಲಿ, ಮೊಟ್ಟೆಯ ಬದಲು ಮೈದಾವನ್ನು ತೆಳುವಾಗಿ ಕಲಸಿ, ಹೂಕೋಸಿಗೂ ಇದೇ ಕ್ರಮವನ್ನು ಅನುಸರಿಸಬಹುದು. ಅದಕ್ಕೆ ಇಷ್ಟು ಹೊತ್ತು ಬೇಡ.

ಇದರಿಂದ ಆಗುವ ಪ್ರಯೋಜನವೆಷ್ಟು? 3 ದೊಡ್ಡ ಚಮಚ ಎಣ್ಣೆಯೆಂದರೆ ಸುಮಾರು 40 ಗ್ರಾಂ. ಆರು ಮಂದಿಯ ನಮ್ಮ ಸಂಸಾರದಲ್ಲಿ ಹಂಚಿದರೆ ತಲೆಗೆ 7 ಗ್ರಾಮಿನಷ್ಟೂ ಆಗದು. ಇನ್ನೊಂದು ಲಾಭವೂ ಉಂಟು. ಕರಿದು ಉಳಿದ ಎಣ್ಣೆಯನ್ನು ಚೆಲ್ಲಲು ಮನಸ್ಸು ಬಾರದೆ ನಾವು ಅದನ್ನು ಮತ್ತೆ ಮತ್ತೆ ಕಾಯಿಸುತ್ತೇವೆ. ಹೀಗೆ ಮಾಡುವುದರಿಂದ ಎಣ್ಣೆಯಲ್ಲಿ ದೇಹಕ್ಕೆ ಕೆಡುಕಾದ ವಸ್ತುಗಳು ಹೆಚ್ಚುತ್ತವೆ. ಹೈದರಾಬಾದಿನ ರಾಷ್ಟ್ರೀಯ ಪೋಷಣ ಸಂಸ್ಥೆಯು 2024ರಲ್ಲಿ ಪ್ರಕಟಿಸಿದ ಆಹಾರ ಮಾರ್ಗಸೂಚಿಯೂ ಇದರ ವಿಷಯದಲ್ಲಿ ಎಚ್ಚರಿಸಿದೆ. ಓವನ್ನಿನ ಕ್ರಮದಲ್ಲಿ ಉಳಿಯುವ ಎಣ್ಣೆಯೇ ಇಲ್ಲ.

ಆದರೂ ಎರಡು ಮಾತುಗಳನ್ನು ಮುಚ್ಚಿಡದೆ ಹೇಳಬೇಕು. ಇದು ಬಾಣಲೆಯ ಕೋಳಿಯೇ ಎಂದು ಯಾರಾದರೂ ಹೇಳಿದರೆ ನಂಬಬೇಡಿರಿ. ಆ ತೆಳುವಾದ ಗುಳ್ಳೆಗುಳ್ಳೆಯ ಹೊದಿಕೆ ಇಲ್ಲಿ ಬಾರದು. ಇದರ ರುಚಿ ಬೇರೆ, ಆದರೆ ಅದೂ ರುಚಿಯೇ. ಎರಡನೆಯದಾಗಿ, ಇದು ಔಷಧವಲ್ಲ. ಉಪ್ಪೂ ಪರಿಮಾಣವೂ ಮಿತಿಯಲ್ಲಿದ್ದರೆ ಮಾತ್ರ ಹಿತ. ಮಾವನವರಿಗೆ ಬಡಿಸುವ ಮುನ್ನ ವೈದ್ಯರನ್ನು ಕೇಳಿದೆನು. ಮಾಡುವ ರೀತಿಯನ್ನೆಲ್ಲ ವಿಚಾರಿಸಿಕೊಂಡು, ವಾರಕ್ಕೊಮ್ಮೆ ಒಂದು ತುಂಡಿಗೆ ಅವರು ಒಪ್ಪಿಗೆಯಿತ್ತರು.

ಮೂರನೆಯ ಭಾನುವಾರ ಬಾಣಲೆ ಏರಲಿಲ್ಲ. ಮಾವನವರು ಅಭ್ಯಾಸಬಲದಿಂದ ಜಗಲಿಗೆ ಹೊರಟಿದ್ದರು. “ಎಲ್ಲಿಗೆ ಹೊರಟಿರಿ? ಇವತ್ತು ನಿಮಗೂ ತಟ್ಟೆ ಹಾಕಿದ್ದಾಳೆ,” ಎಂದು ಅತ್ತೆಯವರು ಕರೆದರು. ಅವರು ಬಂದು ಕುಳಿತು, ನನ್ನ ಮುಖವನ್ನೊಮ್ಮೆ ನೋಡಿ, ತಮ್ಮ ಪಾಲಿನ ತುಂಡನ್ನು ಕಚ್ಚಿದರು. ಗರಕ್ಕೆಂದ ಆ ಸದ್ದು ಪಂಕ್ತಿಯಲ್ಲಿದ್ದವರಿಗೆಲ್ಲ ಕೇಳಿಸಿತು. “ತಾತನ ಕೋಪ ಹೋಯಿತು!” ಎಂದು ಮಗನು ಕೂಗಿದನು. ಮಾವನವರು ನಕ್ಕು, “ಕೋಪವಿತ್ತೆಂದು ಯಾರಪ್ಪಾ ಹೇಳಿದರು?” ಎಂದು ಅವನ ತಲೆಯನ್ನು ಸವರಿದರು.

ಪಂಕ್ತಿಯಲ್ಲಿ ಒಬ್ಬರ ಎಡೆ ಬರಿದಾಗಿರುವ ಮನೆಗಳು ನಮ್ಮಲ್ಲಿ ಅನೇಕವಿರಬಹುದು. ಅಂಥ ಮನೆಯ ಗೃಹಿಣಿಯರು ಈ ಕ್ರಮವನ್ನು ಒಮ್ಮೆ ಪರೀಕ್ಷಿಸಿ ನೋಡಬೇಕಾಗಿ ಪ್ರಾರ್ಥಿಸುತ್ತೇನೆ.