ತೂಗುಸೇತುವೆಯ ಹಗ್ಗವೂ ವರ್ಗ ಸಮೀಕರಣದ ನಕ್ಷೆಯೂ



ಕೊಡಗಿನ ಬೆಟ್ಟಗಳಿಂದ ಇಳಿದು, ಸುಳ್ಯವನ್ನು ಹಾದು ಕಾಸರಗೋಡಿನತ್ತ ಹರಿಯುವ ಪಯಸ್ವಿನಿ ನದಿಯನ್ನು ಬೇಸಿಗೆಯಲ್ಲಿ ಹಲವೆಡೆ ನಡೆದೇ ದಾಟಬಹುದು. ಆಟಿ ತಿಂಗಳಲ್ಲಿ ಹಾಗಲ್ಲ. ಹೊಳೆ ತುಂಬಿದರೆ ಅಡಿಕೆ ಮರದ ಸಂಕ ಕೊಚ್ಚಿಹೋಗುತ್ತದೆ. ಆಚೆ ದಡದ ಮಕ್ಕಳಿಗೆ ಶಾಲೆ ದೂರವಾಗುತ್ತದೆ. ಇಂಥ ಕಷ್ಟಕ್ಕೆ ಉತ್ತರವಾಗಿ 1989ರಲ್ಲಿ ಸುಳ್ಯದ ಬಳಿಯ ಅರಂಬೂರಿನಲ್ಲಿ ಪಯಸ್ವಿನಿಗೆ ಅಡ್ಡಲಾಗಿ ತೂಗುಸೇತುವೆಯೊಂದನ್ನು ಕಟ್ಟಿದವರು ಸುಳ್ಯದವರೇ ಆದ ಇಂಜಿನಿಯರ್ ಗಿರೀಶ್ ಭಾರದ್ವಾಜ್. ಅನಂತರ ಅವರು ನೂರಕ್ಕೂ ಹೆಚ್ಚು ಕಾಲುಸೇತುವೆಗಳನ್ನು ನಿರ್ಮಿಸಿದರು. 2017ರಲ್ಲಿ ಅವರಿಗೆ ಪದ್ಮಶ್ರೀ ಪ್ರಶಸ್ತಿ ಸಂದಿತು.

ತೂಗುಸೇತುವೆಯ ಎರಡು ಗೋಪುರಗಳ ನಡುವೆ ಜೋತುಬಿದ್ದ ಉಕ್ಕಿನ ಹಗ್ಗವನ್ನು ಗಮನಿಸಿದ್ದೀರಾ? ನಿಮ್ಮ ಗಣಿತ ಪುಸ್ತಕದಲ್ಲಿ ವರ್ಗ ಸಮೀಕರಣದ ನಕ್ಷೆಯಾಗಿ ಬರುವ 'ಪರವಲಯ'ದ ಆಕಾರ ಹೆಚ್ಚುಕಡಿಮೆ ಅದೇ. ಬನ್ನಿ, ಪೆನ್ಸಿಲ್ ಮತ್ತು ಗ್ರಾಫ್ ಹಾಳೆ ಹಿಡಿದು ಕುಳಿತುಕೊಳ್ಳೋಣ.

ಮೊದಲು ಒಂದು ನಕ್ಷೆ

ಅಡ್ಡ ದೂರವನ್ನು 'ಅ' ಎಂದೂ ಎತ್ತರವನ್ನು 'ಎ' ಎಂದೂ ಕರೆಯೋಣ. ಪಠ್ಯಪುಸ್ತಕದಲ್ಲಿ ಇವೇ ಎಕ್ಸ್ ಮತ್ತು ವೈ. ನಮ್ಮ ಸಮೀಕರಣ ಹೀಗಿರಲಿ:

ಎ = ಅ² − 4ಅ + 3

'ಅ'ಗೆ ಒಂದೊಂದೇ ಬೆಲೆ ಕೊಟ್ಟು 'ಎ'ಯನ್ನು ಲೆಕ್ಕಹಾಕಿ.

ಅ: −1, 0, 1, 2, 3, 4, 5
ಎ: 8, 3, 0, −1, 0, 3, 8

ಈ ಏಳು ಬಿಂದುಗಳನ್ನು ಗುರುತಿಸಿ, ಕೈಯಿಂದಲೇ ನಯವಾದ ಗೆರೆ ಎಳೆದು ಸೇರಿಸಿ. ಅಡಿಪಟ್ಟಿ ಇಟ್ಟು ಬಿಂದುವಿನಿಂದ ಬಿಂದುವಿಗೆ ನೇರ ಗೆರೆ ಎಳೆಯಬಾರದು. ಈ ತಪ್ಪಿನ ಬೆಲೆ ಏನೆಂದು ಮುಂದೆ ನೋಡಲಿದ್ದೀರಿ.

ಅಕ್ಷಗಳನ್ನು ಎಲ್ಲಿ ಕಡಿಯುತ್ತದೆ?

ಲಂಬ ಅಕ್ಷದ ಮೇಲಿನ ಪ್ರತಿ ಬಿಂದುವಿನಲ್ಲೂ ಅ = 0. ಸಮೀಕರಣದಲ್ಲಿ ಅ = 0 ಎಂದು ಬರೆದರೆ ಎ = 3. ಆದ್ದರಿಂದ ಗೆರೆ ಲಂಬ ಅಕ್ಷವನ್ನು (0, 3)ರಲ್ಲಿ ಕಡಿಯುತ್ತದೆ.

ಅಡ್ಡ ಅಕ್ಷದ ಮೇಲೆ ಎ = 0. ಆಗ ಅ² − 4ಅ + 3 = 0. ಅಪವರ್ತಿಸಿದರೆ (ಅ − 1)(ಅ − 3) = 0. ಗುಣಲಬ್ಧ ಸೊನ್ನೆಯಾಗಬೇಕಾದರೆ ಎರಡರಲ್ಲಿ ಒಂದಾದರೂ ಸೊನ್ನೆಯಾಗಲೇಬೇಕು. ಹಾಗಾಗಿ ಅ = 1 ಅಥವಾ ಅ = 3. ಛೇದ ಬಿಂದುಗಳು (1, 0) ಮತ್ತು (3, 0).

ಗೆರೆಯ ಎಡ ಮತ್ತು ಬಲ ಭಾಗಗಳು ಒಂದಕ್ಕೊಂದು ಕನ್ನಡಿಯ ಬಿಂಬದಂತಿವೆ. ಆದುದರಿಂದ ಅತಿ ತಗ್ಗಿನ ಬಿಂದು, ಅಂದರೆ ಶೃಂಗ, 1 ಮತ್ತು 3ರ ನಟ್ಟನಡುವೆ ಇರುತ್ತದೆ: (2, −1).

ಈಗ ಸೇತುವೆಗೆ

ಸೇತುವೆಯ ನಡೆದಾರಿಯನ್ನು ಮೇಲಿನ ಹಗ್ಗಕ್ಕೆ ಕಟ್ಟಿದ ನೇತುಸರಳುಗಳು ಹಿಡಿದಿರುತ್ತವೆ. ನಡೆದಾರಿಯ ಪ್ರತಿ ಮೀಟರಿನ ಭಾರವೂ ಸಮವಾಗಿದ್ದು, ಹಗ್ಗದ ಸ್ವಂತ ಭಾರ ಅದಕ್ಕಿಂತ ಬಹಳ ಕಡಿಮೆಯಾಗಿದ್ದರೆ ಹಗ್ಗ ಪರವಲಯದ ಆಕಾರ ತಾಳುತ್ತದೆ. ಬರೀ ತನ್ನ ಭಾರದಿಂದಲೇ ಜೋತುಬಿದ್ದ ಸರಪಳಿಯ ಆಕಾರ ಬೇರೆ. ಅದು ಪರವಲಯವಲ್ಲವೆಂದು 1646ರಲ್ಲಿ ಡಚ್ ವಿಜ್ಞಾನಿ ಹೈಗೆನ್ಸ್ ತೋರಿಸಿಕೊಟ್ಟಾಗ ಅವನ ವಯಸ್ಸು ಹದಿನೇಳು. ನಿಮ್ಮಲ್ಲಿ ಅನೇಕರ ವಯಸ್ಸು!

ಲೆಕ್ಕಕ್ಕಾಗಿ ಒಂದು ಸೇತುವೆಯನ್ನು ಕಲ್ಪಿಸಿಕೊಳ್ಳೋಣ. ಗೋಪುರಗಳ ನಡುವಿನ ಅಂತರ 40 ಮೀಟರ್. ಸಮತಟ್ಟಾದ ನಡೆದಾರಿಯಿಂದ ಹಗ್ಗದ ಎತ್ತರ ನಡುವೆ 1 ಮೀಟರ್, ಗೋಪುರದ ಬಳಿ 5 ಮೀಟರ್. ನಡೆದಾರಿಯ ಮಧ್ಯವೇ ಮೂಲಬಿಂದು ಎಂದಿಟ್ಟುಕೊಂಡರೆ,

ಎ = 0.01ಅ² + 1

ನಡುವಿನಿಂದ 0, 5, 10, 15, 20 ಮೀಟರ್ ದೂರದಲ್ಲಿ ಹಗ್ಗದ ಎತ್ತರ ಕ್ರಮವಾಗಿ 1, 1.25, 2, 3.25, 5 ಮೀಟರ್. ನೇತುಸರಳುಗಳನ್ನು ಇದೇ ಅಳತೆಗೆ ಕತ್ತರಿಸಬೇಕು. ನಡುವಿನ ಬಿಂದುವನ್ನೂ ಗೋಪುರದ ತುದಿಯನ್ನೂ ಅಡಿಪಟ್ಟಿಯಿಂದ ಸೇರಿಸಿದವನಿಗೆ 10 ಮೀಟರ್ ದೂರದಲ್ಲಿ ಸಿಗುವ ಉತ್ತರ 3. ಅಂದರೆ ಸರಳು ಒಂದು ಮೀಟರ್ ಉದ್ದವಾಯಿತು! ಪರೀಕ್ಷೆಯಲ್ಲಿ ಹೋಗುವುದು ಎರಡು ಅಂಕ. ಹೊಳೆಯ ಮೇಲೆ ಅಲ್ಲಿ ಆಧಾರವೇ ತಪ್ಪಿಹೋಗುತ್ತದೆ.

ಇಲ್ಲಿ ಛೇದ ಬಿಂದುಗಳು ಎಲ್ಲಿ? ಅ = 0 ಆದಾಗ ಎ = 1; ಅದು ನಡುವಿನ ಸರಳಿನ ಉದ್ದ. ಎ = 0 ಎಂದು ಬರೆದರೆ ಅ² = −100. ಯಾವ ವಾಸ್ತವ ಸಂಖ್ಯೆಯ ವರ್ಗವೂ ಋಣವಾಗದು. ಆದ್ದರಿಂದ ಅಡ್ಡ ಅಕ್ಷದ ಮೇಲೆ ಛೇದ ಬಿಂದುವೇ ಇಲ್ಲ. 'ಉತ್ತರ ಬರಲಿಲ್ಲ' ಎಂದು ಗಾಬರಿಯಾಗಬೇಡಿ. ಹಗ್ಗ ಎಲ್ಲಿಯೂ ನಡೆದಾರಿಯನ್ನು ಮುಟ್ಟುವುದಿಲ್ಲ ಎಂಬುದೇ ಅದರ ಅರ್ಥ.

ಈಗ ಮೂಲಬಿಂದುವನ್ನು ಎಡ ಗೋಪುರದ ತುದಿಗೆ ಒಯ್ಯಿರಿ. ಹಗ್ಗ ಅದೇ, ಸಮೀಕರಣ ಮಾತ್ರ ಬೇರೆ: ಎ = 0.01ಅ² − 0.4ಅ. ಎ = 0 ಆದಾಗ 0.01ಅ(ಅ − 40) = 0. ಆದ್ದರಿಂದ ಅ = 0 ಅಥವಾ 40; ಅವೇ ಎರಡು ಗೋಪುರಗಳ ತುದಿಗಳು. ನಡುವೆ, ಅ = 20 ಆದಾಗ, ಎ = −4. ಹಗ್ಗ ನಾಲ್ಕು ಮೀಟರ್ ಕೆಳಗೆ ಜೋತಿದೆ.

ಮನೆಯಲ್ಲಿ ಮಾಡಿ ನೋಡಿ

1. ಎ = ಅ² − 6ಅ + 8
2. ಎ = ಅ² − 6ಅ + 9

ಎರಡನ್ನೂ ಒಂದೇ ಹಾಳೆಯಲ್ಲಿ ಬಿಡಿಸಿ, ಛೇದ ಬಿಂದುಗಳನ್ನು ಹುಡುಕಿ. ಮೊದಲನೆಯದು ಅಡ್ಡ ಅಕ್ಷವನ್ನು 2 ಮತ್ತು 4ರಲ್ಲಿ, ಲಂಬ ಅಕ್ಷವನ್ನು 8ರಲ್ಲಿ ಕಡಿಯಬೇಕು. ಎರಡನೆಯದು ಅಡ್ಡ ಅಕ್ಷವನ್ನು 3ರಲ್ಲಿ ಮುಟ್ಟಿ ಹಿಂದಿರುಗುತ್ತದೆ; ಲಂಬ ಅಕ್ಷವನ್ನು ಕಡಿಯುವುದು 9ರಲ್ಲಿ. ಮುಂದಿನ ಸಲ ತೂಗುಸೇತುವೆ ದಾಟುವಾಗ ಒಂದು ಕ್ಷಣ ನಿಂತು ನೇತುಸರಳುಗಳನ್ನು ನೋಡಿರಿ. ನೀವು ಬರೆದ ಕೋಷ್ಟಕವೇ ಅಲ್ಲಿ ಸಾಲಾಗಿ ನಿಂತಿರುತ್ತದೆ.