ಗಡಿ ದಾಟಿದ ಕಿವಿ: ಪೋಲೆಂಡಿನ ನಾಟಕಕಾರ ಯಾನುಷ್ ಗ್ವೊವಾತ್ಸ್ಕಿ

ಪೋಲೆಂಡಿನ ಲೇಖಕರ ಹೆಸರು ಉಚ್ಚರಿಸುವುದೇ ನಮ್ಮಂಥವರಿಗೆ ಒಂದು ಪರೀಕ್ಷೆ. ಈ ಲೇಖನದ ನಾಯಕರ ಹೆಸರನ್ನು ಇಂಗ್ಲಿಷ್ ಅಕ್ಷರಗಳಲ್ಲಿ ನೋಡಿದವರು 'ಜಾನುಸ್ ಗ್ಲೊವಾಕಿ' ಎಂದು ಓದಿಬಿಡುತ್ತಾರೆ. ಅವರ ಊರಿನಲ್ಲಿ ಅದು 'ಯಾನುಷ್ ಗ್ವೊವಾತ್ಸ್ಕಿ'. ಹೊರದೇಶಕ್ಕೆ ಬಂದ ಮೇಲೆ ನಮ್ಮ ನಮ್ಮ ಹೆಸರುಗಳಿಗೆ ಆಗಿರುವ ಗತಿ ಗೊತ್ತಿದ್ದವರಿಗೆ ಇದೇನೂ ಹೊಸದಲ್ಲ. ಆದರೆ ಗ್ವೊವಾತ್ಸ್ಕಿಯವರ ವಿಷಯದಲ್ಲಿ ಇದು ಬರೀ ತಮಾಷೆಯ ಮಾತಲ್ಲ. ಸ್ವಂತ ಭಾಷೆಯ ಆಡುಮಾತನ್ನೇ ನಂಬಿ ಬರೆಯುತ್ತಿದ್ದ ಒಬ್ಬ ಲೇಖಕ, ಆ ಮಾತು ಯಾರಿಗೂ ಅರ್ಥವಾಗದ ಊರಿಗೆ ಬಂದು ಬಿದ್ದರೆ ಏನು ಮಾಡಬೇಕು? ಅವರ ಅರ್ಧ ಬದುಕು ಈ ಪ್ರಶ್ನೆಗೆ ಉತ್ತರ ಹುಡುಕುವುದರಲ್ಲೇ ಕಳೆಯಿತು.

ಗ್ವೊವಾತ್ಸ್ಕಿ ಹುಟ್ಟಿದ್ದು 1938ರ ಸೆಪ್ಟೆಂಬರ್ 13ರಂದು, ಪೊಜ್ನಾನ್ ನಗರದಲ್ಲಿ. ಮರುವರ್ಷವೇ ಪೋಲೆಂಡಿನ ಮೇಲೆ ಜರ್ಮನಿಯ ದಾಳಿಯಾಯಿತು. ಯುದ್ಧ ಮುಗಿದ ಮೇಲೆ ಕಮ್ಯುನಿಸ್ಟ್ ಆಡಳಿತ ಬಂತು. ವಾರ್ಸಾ ವಿಶ್ವವಿದ್ಯಾಲಯದಲ್ಲಿ ಪೋಲಿಷ್ ಸಾಹಿತ್ಯ ಓದಿದ ಇವರು 'ಕುಲ್ತುರಾ' ಎಂಬ ವಾರಪತ್ರಿಕೆಯಲ್ಲಿ ಬರೆಯುತ್ತ ಹೆಸರು ಮಾಡಿದರು. ಮೊದಲ ಕಥಾಸಂಕಲನ ಬಂದದ್ದು 1968ರಲ್ಲಿ. ಮರುವರ್ಷ ಪ್ರಸಿದ್ಧ ನಿರ್ದೇಶಕ ಆಂದ್ರೆಯ್ ವಾಯ್ದಾ ಇವರ ಕಥೆಯೊಂದನ್ನು 'ನೊಣಗಳ ಬೇಟೆ' ಎಂಬ ಹೆಸರಿನಲ್ಲಿ ಚಿತ್ರ ಮಾಡಿದರು. ಚಿತ್ರಕಥೆಯೂ ಗ್ವೊವಾತ್ಸ್ಕಿಯವರದೇ.

ಆದರೆ ಪೋಲೆಂಡಿನ ಜನ ಇವತ್ತಿಗೂ ನೆನೆಯುವುದು 1970ರ 'ರೆಯ್ಸ್' ಚಿತ್ರವನ್ನು. ಹೆಸರಿನ ಅರ್ಥ ನೌಕಾಯಾನ. ನಿರ್ದೇಶಕ ಮಾರೆಕ್ ಪಿವೊವ್ಸ್ಕಿ ಮತ್ತು ಗ್ವೊವಾತ್ಸ್ಕಿ ಸೇರಿ ಬರೆದ ಇದರ ಕಥೆ ತೀರಾ ಸರಳ. ವಿಸ್ತುಲಾ ನದಿಯಲ್ಲಿ ಒಂದು ಪ್ರವಾಸಿ ಹಡಗು. ಟಿಕೆಟ್ ಇಲ್ಲದೆ ಹತ್ತಿದವನೊಬ್ಬನನ್ನು ಕಪ್ತಾನ ಸರ್ಕಾರದ ಸಾಂಸ್ಕೃತಿಕ ಅಧಿಕಾರಿ ಎಂದು ತಪ್ಪು ತಿಳಿಯುತ್ತಾನೆ. ಅವನೂ ಹಿಂಜರಿಯದೆ ಅಧಿಕಾರ ವಹಿಸಿಕೊಳ್ಳುತ್ತಾನೆ. ಸಭೆ ಕರೆಯುತ್ತಾನೆ, ಸಮಿತಿ ರಚಿಸುತ್ತಾನೆ, ಪ್ರಯಾಣಿಕರಿಗೆ ಆಟ ಆಡಿಸುತ್ತಾನೆ. ರಜೆಯ ಮೇಲೆ ಬಂದ ಜನ ಒಂದು ಮಾತೂ ಎದುರಾಡದೆ ಹೇಳಿದಂತೆ ಕುಣಿಯುತ್ತಾರೆ. ಇದರಲ್ಲಿ ಮಾಮೋನ್ ಎಂಬ ಇಂಜಿನಿಯರ್ ಪಾತ್ರವೊಂದಿದೆ. ಹಿಂದೆ ಕೇಳಿದ ಹಾಡುಗಳು ಮಾತ್ರ ತನಗೆ ಇಷ್ಟವಾಗುತ್ತವೆ ಎಂದು ಅವನು ಬಹಳ ಗಂಭೀರವಾಗಿ ವಾದಿಸುತ್ತಾನೆ. ಇಂಜಿನಿಯರುಗಳ ಬಗ್ಗೆ ಇಷ್ಟು ನಿಖರವಾದ ಟೀಕೆಯನ್ನು ನಾನು ಬೇರೆಲ್ಲೂ ಕಂಡಿಲ್ಲ!

ಈ ಚಿತ್ರದಲ್ಲಿ ವೃತ್ತಿನಟರ ಜೊತೆಗೆ ಸಾಮಾನ್ಯ ಜನರೂ ಇದ್ದರು. ತಡವರಿಸುವ ಮಾತು, ಅರ್ಧಕ್ಕೇ ನಿಲ್ಲುವ ವಾಕ್ಯ, ಅರ್ಥವಿಲ್ಲದ ಸರ್ಕಾರಿ ಪದಗಳು ಎಲ್ಲವೂ ಹಾಗೆಹಾಗೇ ಬಂದಿವೆ. ವರ್ಷಗಟ್ಟಲೆ ಒಂದೇ ಬಗೆಯ ಭಾಷಣ ಕೇಳಿ ಕೇಳಿ ಜನರ ನಾಲಗೆಯೇ ಕೆಟ್ಟುಹೋಗಿದೆ ಎಂಬುದನ್ನು ಗ್ವೊವಾತ್ಸ್ಕಿ ಬೈದು ಹೇಳಲಿಲ್ಲ, ಕೇಳಿಸಿದರು. ಚಿತ್ರದ ಅನೇಕ ಮಾತುಗಳು ಅಲ್ಲಿ ಗಾದೆಗಳಂತೆ ಬಳಕೆಗೆ ಬಂದಿವೆ. ಆದರೆ ಪೋಲಿಷ್ ಬಾರದವರು ಉಪಶೀರ್ಷಿಕೆ ಓದಿಕೊಂಡು ನೋಡಿದರೆ ನಗು ಅರ್ಧದಷ್ಟೂ ಬರುವುದಿಲ್ಲ. ಅವರ ಶಕ್ತಿ ಇದ್ದದ್ದು ಕಿವಿಯಲ್ಲಿ. ಆ ಕಿವಿ ಒಂದೇ ಭಾಷೆಗೆ ಪಳಗಿತ್ತು.

1980ರ ಆಗಸ್ಟಿನಲ್ಲಿ ಗ್ದಾನ್ಸ್ಕ್ ನಗರದ ಲೆನಿನ್ ಹಡಗುಕಟ್ಟೆಯಲ್ಲಿ ಇತಿಹಾಸಪ್ರಸಿದ್ಧ ಮುಷ್ಕರ ನಡೆಯಿತು. 'ಸಾಲಿಡಾರಿಟಿ' ಸಂಘಟನೆ ಹುಟ್ಟಿದ್ದು, ಲೆಕ್ ವಲೆಸಾ ಎಂಬ ಎಲೆಕ್ಟ್ರಿಷಿಯನ್ ಜಗತ್ತಿಗೆ ಪರಿಚಯವಾದದ್ದು ಆಗಲೇ. ಅಲ್ಲಿಗೆ ಹೋಗಿಬಂದ ಗ್ವೊವಾತ್ಸ್ಕಿ ಮುಷ್ಕರದ ಬಗ್ಗೆ ಒಂದು ಕಿರುಕಾದಂಬರಿ ಬರೆದರು. ವೀರಗಾಥೆಯನ್ನು ನಿರೀಕ್ಷಿಸಿದವರಿಗೆ ಅಲ್ಲಿ ಸಿಕ್ಕಿದ್ದು ಬೇರೆಯೇ. ಕಥೆ ಹೇಳುವವನು ಸುತ್ತ ನಡೆಯುತ್ತಿರುವುದು ಸರಿಯಾಗಿ ಅರ್ಥವೂ ಆಗದ ಒಬ್ಬ ಮುಗ್ಧ ಕಾರ್ಮಿಕ. ಅವನ ಒಡಕು ಮಾತಿನಲ್ಲೇ ಇಡೀ ಪುಸ್ತಕ ಸಾಗುತ್ತದೆ.

1981ರ ಡಿಸೆಂಬರಿನಲ್ಲಿ ಲಂಡನ್ನಿನ ರಾಯಲ್ ಕೋರ್ಟ್ ರಂಗಮಂದಿರದಲ್ಲಿ ಅವರ ನಾಟಕ 'ಸಿಂಡರ್ಸ್' ಪ್ರದರ್ಶನವಿತ್ತು. ಅದಕ್ಕಾಗಿ ಅವರು ಲಂಡನ್ನಿಗೆ ಬಂದಿದ್ದರು. ಡಿಸೆಂಬರ್ 13ರಂದು ಜನರಲ್ ಯಾರುಝೆಲ್ಸ್ಕಿ ಪೋಲೆಂಡಿನಲ್ಲಿ ಸೇನಾ ಆಡಳಿತ ಘೋಷಿಸಿದರು. ಗಡಿ ಮುಚ್ಚಿತು, ಟೆಲಿಫೋನ್ ಸಂಪರ್ಕ ಕಡಿದುಹೋಯಿತು, ಸಾವಿರಾರು ಜನರ ಬಂಧನವಾಯಿತು. ಕೆಲವು ದಿನಗಳ ಮಟ್ಟಿಗೆ ಹೊರಟಿದ್ದ ಲೇಖಕ ನಲವತ್ತಮೂರನೆಯ ವಯಸ್ಸಿನಲ್ಲಿ ವಲಸಿಗನಾಗಿಬಿಟ್ಟ. ನಮ್ಮಲ್ಲಿ ಹೆಚ್ಚಿನವರು ವೀಸಾ, ಟಿಕೆಟ್, ಉಪ್ಪಿನಕಾಯಿ ಎಲ್ಲ ಜೋಡಿಸಿಕೊಂಡು ಬಂದವರು. ಗ್ವೊವಾತ್ಸ್ಕಿಯವರದು ಆ ತರಹದ ವಲಸೆಯಲ್ಲ.

ಅಲ್ಲಿಂದ ಅಮೆರಿಕಕ್ಕೆ ಬಂದು ಮೊದಲು ವರ್ಮಾಂಟಿನ ಬೆನ್ನಿಂಗ್ಟನ್ ಕಾಲೇಜಿನಲ್ಲಿ ಪಾಠ ಮಾಡಿದರು, ಆಮೇಲೆ ನ್ಯೂಯಾರ್ಕ್ ಸೇರಿದರು. 1984ರಲ್ಲಿ ಜೋಸೆಫ್ ಪ್ಯಾಪ್ ಅವರ ಪಬ್ಲಿಕ್ ಥಿಯೇಟರಿನಲ್ಲಿ 'ಸಿಂಡರ್ಸ್' ರಂಗಕ್ಕೆ ಬಂತು. ಕ್ರಿಸ್ಟೋಫರ್ ವಾಕನ್ ಅದರಲ್ಲಿ ನಟಿಸಿದ್ದರು. ಹೆಣ್ಣುಮಕ್ಕಳ ಸುಧಾರಣಾಲಯವೊಂದರಲ್ಲಿ ಹುಡುಗಿಯರು ಸಿಂಡ್ರೆಲಾ ನಾಟಕ ಆಡುತ್ತಿರುತ್ತಾರೆ, ಅದನ್ನು ಚಿತ್ರೀಕರಿಸಲು ಒಬ್ಬ ನಿರ್ದೇಶಕ ಬರುತ್ತಾನೆ. ಅವನಿಗೆ ಬೇಕಾದದ್ದು ಕಣ್ಣೀರು. ಸಿಂಡ್ರೆಲಾ ಪಾತ್ರದ ಹುಡುಗಿ ಮಾತ್ರ ತನ್ನ ದುಃಖವನ್ನು ಕ್ಯಾಮೆರಾದ ಮುಂದೆ ಮಾರಲು ಒಪ್ಪುವುದಿಲ್ಲ. ಇದು ಪೋಲೆಂಡಿನಲ್ಲಿದ್ದಾಗಲೇ ಬರೆದ ನಾಟಕ. ಆದರೆ ಕಮ್ಯುನಿಸ್ಟ್ ದೇಶದಿಂದ ಬಂದ ಲೇಖಕನ ಬಾಯಲ್ಲಿ ಗೋಳಿನ ಕಥೆಯನ್ನೇ ಕೇಳಬಯಸುತ್ತಿದ್ದ ಅಮೆರಿಕದಲ್ಲಿ ಅದಕ್ಕೆ ಇನ್ನೊಂದು ಅರ್ಥವೂ ಬಂತು.

ನ್ಯೂಯಾರ್ಕಿನಲ್ಲಿ ಬರೆದ 'ಹಂಟಿಂಗ್ ಕಾಕ್ರೋಚಸ್' 1987ರಲ್ಲಿ ಮ್ಯಾನ್‌ಹಟನ್ ಥಿಯೇಟರ್ ಕ್ಲಬ್ಬಿನಲ್ಲಿ ಆರ್ಥರ್ ಪೆನ್ ನಿರ್ದೇಶನದಲ್ಲಿ ಬಂತು. ವಲಸೆ ಬಂದ ದಂಪತಿ, ಒಂದು ಕೊಳಕು ಕೋಣೆ, ನಿದ್ದೆ ಬಾರದ ಒಂದು ರಾತ್ರಿ. ಗಂಡ ಲೇಖಕ, ಬರೆಯಲು ಕೂತರೆ ಏನೂ ತೋಚದು. ಹೆಂಡತಿ ವಾರ್ಸಾದಲ್ಲಿ ಶೇಕ್ಸ್‌ಪಿಯರ್ ಪಾತ್ರಗಳಿಗೆ ಹೆಸರಾದ ನಟಿ. ಇಲ್ಲಿ ಅವಳ ಉಚ್ಚಾರಣೆಯಿಂದಾಗಿ ಯಾರೂ ಪಾತ್ರ ಕೊಡುವುದಿಲ್ಲ. ಹಳೆಯ ದೇಶದ ಪೊಲೀಸರು, ಹೊಸ ದೇಶದ ಅಧಿಕಾರಿಗಳು ಎಲ್ಲರೂ ಆ ರಾತ್ರಿ ಅವರ ಹಾಸಿಗೆಯ ಕೆಳಗಿನಿಂದ ಎದ್ದು ಬರುತ್ತಾರೆ. ಈ ನಾಟಕದಲ್ಲಿ ಗ್ವೊವಾತ್ಸ್ಕಿ ತಮ್ಮ ಪ್ರಶ್ನೆಗೆ ಉತ್ತರ ಕಂಡುಕೊಂಡರು ಎಂದು ನನಗನ್ನಿಸುತ್ತದೆ. ಹೊಸ ಭಾಷೆಯ ಮಾತು ತನಗೆ ಪೂರ್ತಿ ಒಲಿಯದಿದ್ದರೆ, ಆ ಭಾಷೆಯನ್ನು ತಪ್ಪುತಪ್ಪಾಗಿ ಆಡುವವರ ಮಾತನ್ನು ಬರೆಯಬಹುದಲ್ಲ! ನ್ಯೂಯಾರ್ಕಿನಲ್ಲಿ ಅಂಥವರಿಗೇನು ಕೊರತೆ?

ಈ ದಾರಿಯಲ್ಲಿ ಅವರು ತಲುಪಿದ ಶಿಖರ 'ಆಂಟಿಗೊನೆ ಇನ್ ನ್ಯೂಯಾರ್ಕ್'. 1993ರಲ್ಲಿ ವಾರ್ಸಾದಲ್ಲೂ ವಾಷಿಂಗ್ಟನ್ನಿನ ಅರೀನಾ ಸ್ಟೇಜಿನಲ್ಲೂ ಇದರ ಪ್ರದರ್ಶನವಾಯಿತು. ಇದರ ಹಿನ್ನೆಲೆ ಮ್ಯಾನ್‌ಹಟನ್ನಿನ ಟಾಂಪ್ಕಿನ್ಸ್ ಸ್ಕ್ವೇರ್ ಪಾರ್ಕ್. 1980ರ ದಶಕದ ಕೊನೆಯಲ್ಲಿ ಅಲ್ಲಿ ನೂರಾರು ಜನ ಮನೆಯಿಲ್ಲದವರು ಡೇರೆ ಹಾಕಿಕೊಂಡಿದ್ದರು. 1988ರ ಆಗಸ್ಟಿನಲ್ಲಿ ಪೊಲೀಸರಿಗೂ ಜನರಿಗೂ ದೊಡ್ಡ ಘರ್ಷಣೆಯಾಯಿತು. 1991ರಲ್ಲಿ ನಗರಾಡಳಿತ ಎಲ್ಲರನ್ನೂ ಎಬ್ಬಿಸಿ ಪಾರ್ಕಿಗೆ ಬೇಲಿ ಹಾಕಿತು.

ನಾಟಕದ ಪಾತ್ರಗಳು ಅಲ್ಲಿಯ ಬೆಂಚುಗಳ ಮೇಲೆ ಮಲಗುವವರು. ಪೋರ್ಟೊರೀಕೋದ ಅನಿತಾ, ರಷ್ಯದ ಯಹೂದಿ ಚಿತ್ರಕಾರ ಸಾಶಾ, 'ಚಿಗಟ' ಎಂಬ ಅಡ್ಡಹೆಸರಿನ ಪೋಲೆಂಡಿನವನು. ಚಳಿಗೆ ಸತ್ತ ಒಬ್ಬನನ್ನು ನಗರಪಾಲಿಕೆಯವರು ಅನಾಥ ಶವಗಳ ಜೊತೆ ಸಾಗಿಸಿದ್ದಾರೆ. ನ್ಯೂಯಾರ್ಕಿನ ಅನಾಥ ಶವಗಳನ್ನು ಹೂಳುವುದು ಹಾರ್ಟ್ ದ್ವೀಪದಲ್ಲಿ. 1869ರಿಂದ ಅಲ್ಲಿ ಹತ್ತು ಲಕ್ಷಕ್ಕೂ ಹೆಚ್ಚು ಜನರನ್ನು ಮಣ್ಣು ಮಾಡಲಾಗಿದೆ. ಸತ್ತವನನ್ನು ಪ್ರೀತಿಸಿದ್ದೆ ಎನ್ನುವ ಅನಿತಾಗೆ ಅವನನ್ನು ತಂದು ಪಾರ್ಕಿನಲ್ಲೇ ಹೂಳಬೇಕೆಂಬ ಹಟ. ಅವನಿಗೆ ಇವಳ ಪರಿಚಯ ಎಷ್ಟಿತ್ತೋ ದೇವರೇ ಬಲ್ಲ. ಕೂಡಿಟ್ಟ ಚಿಲ್ಲರೆ ಹಣ ಕೊಟ್ಟು ಸಾಶಾ ಮತ್ತು ಚಿಗಟನನ್ನು ಕಳಿಸುತ್ತಾಳೆ. ಅವರು ಹೆಣವನ್ನೇನೋ ತರುತ್ತಾರೆ, ಆದರೆ ಬೇರೆ ಯಾರದೋ! ನಗಬೇಕೋ ಅಳಬೇಕೋ ತಿಳಿಯುವುದಿಲ್ಲ. ಕೊನೆಗೆ ಪಾರ್ಕಿಗೆ ಬೇಲಿ ಬೀಳುತ್ತದೆ, ಅನಿತಾ ಉಳಿಯುವುದಿಲ್ಲ.

ಸೊಫೊಕ್ಲಿಸನ ಆಂಟಿಗೊನೆ ರಾಜಕುಮಾರಿ. ರಾಜಾಜ್ಞೆ ಮೀರಿ ಅಣ್ಣನ ಶವಕ್ಕೆ ಮಣ್ಣು ಕೊಟ್ಟವಳು. ಲಂಕೇಶರ ಅನುವಾದದಿಂದ ಆ ಕಥೆ ಕನ್ನಡದವರಿಗೆ ಪರಿಚಿತ. ಬಿ.ಎಂ.ಶ್ರೀ. ಅವರು ಸೊಫೊಕ್ಲಿಸನದೇ 'ಏಜಾಕ್ಸ್' ನಾಟಕವನ್ನು ಮಹಾಭಾರತಕ್ಕೆ ತಂದು 'ಅಶ್ವತ್ಥಾಮನ್' ಮಾಡಿದಾಗ ಗ್ರೀಕ್ ವೀರನ ಜಾಗದಲ್ಲಿ ನಮ್ಮ ವೀರನನ್ನೇ ನಿಲ್ಲಿಸಿದರು. ಗ್ವೊವಾತ್ಸ್ಕಿ ಆ ಜಾಗದಲ್ಲಿ ವಿಳಾಸವೇ ಇಲ್ಲದವಳನ್ನು ನಿಲ್ಲಿಸಿದರು. ಇಲ್ಲಿ ಆಜ್ಞೆ ಹೊರಡಿಸಲು ಕ್ರಿಯಾನ್‌ನಂಥ ರಾಜನಿಲ್ಲ. ನಯವಾಗಿ ಪ್ರೇಕ್ಷಕರ ಜೊತೆ ಮಾತಾಡುವ ಒಬ್ಬ ಪೊಲೀಸಿನವನಿದ್ದಾನೆ. ಬೇಡುವವಳ ಇಂಗ್ಲಿಷ್ ಸರಿಯಿಲ್ಲದಿದ್ದರೆ ಅವಳ ಬೇಡಿಕೆಯನ್ನು ಯಾರೂ ಕಿವಿಗೆ ಹಾಕಿಕೊಳ್ಳುವುದಿಲ್ಲ ಎಂಬುದೇ ಈ ನಾಟಕದ ನಿಜವಾದ ದುರಂತ.

1989ರಲ್ಲಿ ಪೋಲೆಂಡಿನ ಕಮ್ಯುನಿಸ್ಟ್ ಆಡಳಿತ ಕೊನೆಗೊಂಡ ಮೇಲೆ ಅವರಿಗೆ ಊರಿನ ದಾರಿ ತೆರೆಯಿತು. ಮುಂದೆ ನ್ಯೂಯಾರ್ಕ್, ವಾರ್ಸಾ ಎರಡು ಕಡೆಯೂ ಬಾಳಿದರು. 2004ರಲ್ಲಿ ಆತ್ಮಕಥನ ಬಂತು. 2013ರಲ್ಲಿ ವಾಯ್ದಾ ಅವರಿಗಾಗಿ ವಲೆಸಾ ಕುರಿತ ಚಿತ್ರಕ್ಕೆ ಚಿತ್ರಕಥೆ ಬರೆದರು, ಅದನ್ನು ಬರೆದ ಕಥೆಯನ್ನೇ ಇನ್ನೊಂದು ಪುಸ್ತಕ ಮಾಡಿದರು. ಆ ಪುಸ್ತಕದ ಹೆಸರು 'ಪ್ಷಿಶೆಮ್'. 'ಬಂದೆ' ಎನ್ನಲು ಓದಿದವರು ಬಳಸದ, ವ್ಯಾಕರಣದ ಪ್ರಕಾರ ತಪ್ಪಾದ ರೂಪ ಅದು. ತಪ್ಪು ಮಾತಿಗೂ ಒಂದು ಘನತೆಯಿದೆ ಎಂಬ ಅವರ ನಂಬಿಕೆ ಮೂವತ್ತು ವರ್ಷಗಳ ನಂತರವೂ ಸಡಿಲವಾಗಿರಲಿಲ್ಲ.

2017ರ ಆಗಸ್ಟ್ 19ರಂದು ಈಜಿಪ್ಟಿನಲ್ಲಿ ಗ್ವೊವಾತ್ಸ್ಕಿ ತೀರಿಕೊಂಡರು. ಪಾವೆಲ್ ಪಾವ್ಲಿಕೊವ್ಸ್ಕಿ ಅವರೊಡನೆ ಸೇರಿ ಚಿತ್ರಕಥೆ ಬರೆದ 'ಕೋಲ್ಡ್ ವಾರ್' ತೆರೆಗೆ ಬಂದದ್ದು ಮರುವರ್ಷ. ಕಾನ್ ಉತ್ಸವದಲ್ಲಿ ಅದಕ್ಕೆ ಉತ್ತಮ ನಿರ್ದೇಶನದ ಪ್ರಶಸ್ತಿ ಸಿಕ್ಕಿತು. ಪೋಲೆಂಡಿನ ಹಳ್ಳಿ ಹಾಡೊಂದು ಪ್ಯಾರಿಸ್ಸಿಗೆ ಹೋಗಿ ಫ್ರೆಂಚ್ ಹಾಡಾಗುತ್ತದೆ. ಹಾಡಿದ ಝೂಲಾಗೆ ಆ ಅನುವಾದ ಒಗ್ಗುವುದೇ ಇಲ್ಲ. ತನ್ನದೇ ಗ್ರಾಮಫೋನ್ ತಟ್ಟೆಯನ್ನು ಅವಳು ಕಾರಂಜಿಗೆ ಎಸೆದುಬಿಡುತ್ತಾಳೆ.

ಆಸಕ್ತರು 'ಕೋಲ್ಡ್ ವಾರ್' ಚಿತ್ರದಿಂದ ಶುರುಮಾಡಿ, ಆಮೇಲೆ 'ಆಂಟಿಗೊನೆ ಇನ್ ನ್ಯೂಯಾರ್ಕ್' ಓದಬಹುದು. ಅದರಲ್ಲಿ ಬೇಕಾದದ್ದು ನಾಲ್ಕು ಪಾತ್ರಗಳು, ಒಂದೆರಡು ಬೆಂಚು. ಹೊರನಾಡಿನ ಕನ್ನಡ ತಂಡವೊಂದು ಅದನ್ನು ಕನ್ನಡಕ್ಕೆ ತಂದು ಆಡಬಾರದೇಕೆ? ಆ ಮೂವರ ಒಡಕು ಇಂಗ್ಲಿಷನ್ನು ಯಾವ ಕನ್ನಡದಲ್ಲಿ ಹೇಳಿಸಬೇಕು ಎಂಬುದನ್ನು ಮಾತ್ರ ಮೊದಲು ಕೂತು ಜಗಳವಾಡಿ ತೀರ್ಮಾನಿಸಬೇಕಾದೀತು.